ಬೇಟೆ ಬೆಕ್ಕಿನದು, ಹೊಣೆ ಸಾಕಿದವರದು

‘ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ’ ಎಂಬ ಗಾದೆ ಬೆಕ್ಕಿಗೆ ಕ್ರೂರಿಯೆಂಬ ಹೆಸರು ತಂದಿದೆ. ಆದರೆ ಹಿಡಿದ ಇಲಿಯನ್ನು ಬಿಟ್ಟು ಮತ್ತೆ ಹಿಡಿಯುವುದು ಬರಿಯ ಚೆಲ್ಲಾಟವಲ್ಲ. ತಿರುಗಿ ಕಚ್ಚಬಲ್ಲ ಬೇಟೆಯನ್ನು ದಣಿಸುವ ಉಪಾಯವೂ ಹೌದು. ಕಂಬ ಕೆರೆಯುವುದು ಉಗುರಿನ ಹಳೆಯ ಪೊರೆ ಕಳಚಲು, ತನ್ನ ಎಲ್ಲೆಯನ್ನು ಗುರುತಿಸಲು. ಕಾಲಿಗೆ ಕೆನ್ನೆ ಉಜ್ಜುವುದು ತನ್ನ ವಾಸನೆ ಹಚ್ಚಲು. ಗುರುಗುಟ್ಟುವ ಬೆಕ್ಕು ಸದಾ ಸುಖಿಯೆಂದು ತಿಳಿಯಬಾರದು. ನೋವಿನಲ್ಲಿಯೂ ಅದು ಗುರುಗುಟ್ಟುತ್ತದೆ.

ಮಲೆನಾಡಿನಲ್ಲಿ ಈ ಅರಿವು ಕೇವಲ ಕುತೂಹಲದ ವಿಷಯವಲ್ಲ. ಶಿವಮೊಗ್ಗ ನಗರದ ಪಕ್ಕದಲ್ಲೇ ಶೆಟ್ಟಿಹಳ್ಳಿ ಅಭಯಾರಣ್ಯವಿದೆ. ಭದ್ರಾವತಿಯ ಆಚೆಗೆ ಭದ್ರಾ ಹುಲಿ ಸಂರಕ್ಷಿತ ಪ್ರದೇಶವಿದೆ. ಬೇಡವಾದ ಮರಿಗಳನ್ನು ಚೀಲದಲ್ಲಿ ತುಂಬಿ ಊರಾಚೆ ಬಿಟ್ಟುಬರುವ ರೂಢಿಗೆ ಬಲಿಯಾಗುವುದು ಮರಿಗಳಷ್ಟೇ ಅಲ್ಲ. ನೆಲದಲ್ಲಿ ಗೂಡು ಮಾಡುವ ಟಿಟ್ಟಿಭ, ಗೌಜಲಹಕ್ಕಿ, ಮೊಟ್ಟೆಯಿಡಲು ಅಡಿಕೆ ಮರದಿಂದ ಕೆಳಗಿಳಿಯುವ ಹಾರುವ ಓತಿ ಇವೆಲ್ಲವೂ ಬೆಕ್ಕಿಗೆ ಸುಲಭದ ತುತ್ತು. ನಾಡಬೆಕ್ಕಿನ ರೋಗಗಳು ಕಾಡುಬೆಕ್ಕುಗಳಿಗೂ ಹರಡಬಲ್ಲವು.

ಹೊಟ್ಟೆ ತುಂಬ ಹಾಲು-ಅನ್ನ ಉಂಡ ಬೆಕ್ಕೂ ಬೇಟೆಯಾಡುವುದೇಕೆ? ಬೇಟೆಯ ಪ್ರವೃತ್ತಿ ಹಸಿವಿನಷ್ಟಕ್ಕೇ ಹುಟ್ಟುವುದಲ್ಲ. ಮೇಲಾಗಿ ಬೆಕ್ಕು ಮಾಂಸವಿಲ್ಲದೆ ಬಾಳಲಾರದ ಪ್ರಾಣಿ. ಹಾಲು-ಅನ್ನ ಅದಕ್ಕೆ ಸಾಲದು. 2021ರಲ್ಲಿ ಪ್ರಕಟವಾದ ಇಂಗ್ಲೆಂಡಿನ ಅಧ್ಯಯನವೊಂದರಲ್ಲಿ, ಮಾಂಸದ ಅಂಶ ಹೆಚ್ಚಿದ ಆಹಾರ ಕೊಟ್ಟಾಗ ಬೆಕ್ಕುಗಳು ಮನೆಗೆ ತರುವ ಬೇಟೆ ಶೇ. 36ರಷ್ಟು ಇಳಿಯಿತು, ದಿನಕ್ಕೆ 5ರಿಂದ 10 ನಿಮಿಷ ಆಟವಾಡಿಸಿದಾಗ ಶೇ. 25ರಷ್ಟು ಇಳಿಯಿತು.

ಬೆಕ್ಕನ್ನು ಒಳಗಿಟ್ಟರೆ ಇಲಿ ಹಿಡಿಯುವವರು ಯಾರು ಎಂದು ರೈತರು ಕೇಳಬಹುದು. ಪ್ರಶ್ನೆ ನ್ಯಾಯವಾದುದೇ. ಆದರೆ ಭತ್ತದ ಕಣಜಕ್ಕೂ ಅಟ್ಟಕ್ಕೂ ಇಲಿ ಬರುವುದು ರಾತ್ರಿಯಲ್ಲಿ. ಮುಸ್ಸಂಜೆಯಿಂದ ಬಿಸಿಲೇರುವವರೆಗೆ ಬೆಕ್ಕು ಮನೆಯೊಳಗಿದ್ದರೆ ಕಣಜವೂ ಉಳಿಯುತ್ತದೆ, ಮುಂಜಾನೆ ಮೇವಿಗಿಳಿಯುವ ಹಕ್ಕಿಯೂ ಉಳಿಯುತ್ತದೆ. ಇಲಿಪಾಷಾಣ ಇಡುವ ಮನೆಯಲ್ಲಿ ಬೆಕ್ಕಿಗೂ ಗೂಬೆಗೂ ಅಪಾಯವಿದೆಯೆಂಬುದನ್ನು ಮರೆಯಬಾರದು.

ಆರು ತಿಂಗಳು ತುಂಬುವಷ್ಟರಲ್ಲಿ ಹೆಣ್ಣುಬೆಕ್ಕು ಗರ್ಭ ಧರಿಸಬಲ್ಲದು. ಸುಮಾರು ಎರಡು ತಿಂಗಳಲ್ಲಿ ಈಯುತ್ತದೆ. ಆದ್ದರಿಂದ ಮರಿಗಳನ್ನು ಬಿಟ್ಟುಬರುವುದು ಪರಿಹಾರವಲ್ಲ. ಸಂತಾನಹರಣ ಶಸ್ತ್ರಚಿಕಿತ್ಸೆಯೇ ಪರಿಹಾರ. ಶಿವಮೊಗ್ಗದಲ್ಲಿ ಪಶುವೈದ್ಯಕೀಯ ಮಹಾವಿದ್ಯಾಲಯವೇ ಇರುವಾಗ ಗ್ರಾಮ ಪಂಚಾಯಿತಿಗಳು ಅದರ ನೆರವು ಕೋರಿ, ಹಳ್ಳಿಗಳಲ್ಲಿ ಶಿಬಿರ ನಡೆಸಿ, ರೇಬೀಸ್ ಲಸಿಕೆಯನ್ನೂ ಹಾಕಿಸಬೇಕು. ವಿದ್ಯಾರ್ಥಿಗಳು ತಮ್ಮ ಮನೆಯ ಬೆಕ್ಕು ಒಂದು ಮಳೆಗಾಲದಲ್ಲಿ ಏನೇನು ಹಿಡಿದು ತಂದಿತೆಂದು ಬರೆದಿಡಲಿ. ಆ ಪಟ್ಟಿಯಲ್ಲಿ ಇಲಿಗಳೆಷ್ಟು, ಹಕ್ಕಿಗಳೆಷ್ಟು ಎಂಬುದನ್ನು ನೋಡಿಯೇ ಊರು ತನ್ನ ಹೊಣೆಯನ್ನು ಅಳೆದುಕೊಳ್ಳಲಿ.