ನಾಟಕಕಾರನನ್ನು ಕಿರುತೆರೆ ಕಿತ್ತುಕೊಂಡಿತೇ?

ಟಿ.ಎನ್. ಸೀತಾರಾಂ ಎಂದರೆ ಮಾಗಡಿ ತಾಲ್ಲೂಕಿನ ಕುದೂರಿನಂಥ ಹೋಬಳಿ ಊರಿನಲ್ಲಿ ಧಾರಾವಾಹಿ ನೋಡಿದವರಿಗೆ ನೆನಪಾಗುವುದು ಅವರೇ ನಟಿಸಿದ ಕರಿಕೋಟಿನ ವಕೀಲ ಸಿ.ಎಸ್.ಪಿ. ‘ಆಸ್ಫೋಟ’, ‘ನಮ್ಮೊಳಗೊಬ್ಬ ನಾಜೂಕಯ್ಯ’ ನಾಟಕಗಳನ್ನು ಬರೆದವರೂ ಅವರೇ ಎಂಬುದು ರಂಗಭೂಮಿಯ ಒಡನಾಟ ಇದ್ದವರಿಗೆ ಮಾತ್ರ ಗೊತ್ತು. ಹಾಗಾದರೆ ಒಬ್ಬ ಒಳ್ಳೆಯ ನಾಟಕಕಾರ ಕಿರುತೆರೆಯ ಪಾಲಾದರೇ?

ಹೌದು ಎನ್ನುವವರ ಮಾತಿನಲ್ಲಿ ಹುರುಳಿದೆ. ಅಚ್ಚಾದ ನಾಟಕವನ್ನು ಯಾವ ಹಳ್ಳಿಯ ಹುಡುಗರೂ ಕಾಲೇಜು ವಾರ್ಷಿಕೋತ್ಸವಕ್ಕೆ ಕಲಿತು ಆಡಬಹುದು. ದಿನದ ಧಾರಾವಾಹಿಗೆ ಆ ಮರುಹುಟ್ಟು ಇಲ್ಲ. ನಾಳಿನ ಎಪಿಸೋಡಿಗೆ ಇವತ್ತೇ ಸಂಭಾಷಣೆ ಬೇಕು, ತಿದ್ದಲು ಪುರುಸೊತ್ತಿಲ್ಲ. ಎಲ್ಲಕ್ಕಿಂತ ಹೆಚ್ಚಾಗಿ, ಕಥೆ ಎಲ್ಲಿ ಮುಗಿಯಬೇಕೆಂಬುದು ಬರೆಯುವವನ ಕೈಯಲ್ಲಿ ಪೂರ್ತಿ ಉಳಿಯುವುದಿಲ್ಲ. ನಾಟಕಕಾರನಿಗೆ ಇದಕ್ಕಿಂತ ದೊಡ್ಡ ನಷ್ಟ ಯಾವುದಿದೆ?

ಆದರೂ 1998ರ ‘ಮಾಯಾಮೃಗ’ವನ್ನು ನೆನೆದಾಗ ನನ್ನ ಮನಸ್ಸು ಇನ್ನೊಂದು ಕಡೆಗೆ ವಾಲುತ್ತದೆ. ಪಿ. ಶೇಷಾದ್ರಿ, ನಾಗೇಂದ್ರ ಶಾ ಅವರ ಜೊತೆ ಸೀತಾರಾಂ ಕಟ್ಟಿದ ಆ ಧಾರಾವಾಹಿ ಬಂದದ್ದು ದೂರದರ್ಶನದಲ್ಲಿ. ಕೇಬಲ್ ಇಲ್ಲದ ಮನೆಗೂ ಮಾಡಿನ ಮೇಲಿನ ಆಂಟೆನಾ ಸಾಕಿತ್ತು. ಬೆಂಗಳೂರಿನ ರಂಗಮಂದಿರಕ್ಕೆ ಎಂದೂ ಕಾಲಿಡದ ಹೆಂಗಸರು, ಅಜ್ಜಂದಿರು ಮಧ್ಯಮವರ್ಗದ ಮನೆಯ ಸಾಲ, ಮದುವೆ, ಮರ್ಯಾದೆಯ ಸಂಕಟಗಳನ್ನು ಶುದ್ಧ ಆಡುಮಾತಿನಲ್ಲಿ ಕೇಳಿದರು. ಮುಂದೆ ‘ಮನ್ವಂತರ’, ‘ಮುಕ್ತ’ಗಳಲ್ಲಿ ಕಾನೂನು, ರಾಜಕಾರಣ ಊಟದ ಹೊತ್ತಿನ ಮಾತಾದವು. ಯಾವ ನಾಟಕಕ್ಕೆ ಇಷ್ಟು ದೊಡ್ಡ ಸಭೆ ಸಿಕ್ಕೀತು? ಧಾರಾವಾಹಿ ಗಾಳಿಯಲ್ಲಿ ಕರಗಿಹೋಗುತ್ತದೆ ಎಂಬ ಮಾತೂ ಪೂರ್ತಿ ನಿಜವಲ್ಲ: 2022ರಲ್ಲಿ ‘ಮತ್ತೆ ಮಾಯಾಮೃಗ’ ಬರುವಷ್ಟು ನೆನಪು ಜನರಲ್ಲಿ ಉಳಿದಿತ್ತು.

ಸಿನಿಮಾದ ಲೆಕ್ಕ ಚಿಕ್ಕದು. ಎಸ್.ಎಲ್. ಭೈರಪ್ಪನವರ ಕಾದಂಬರಿಯಿಂದ ಅವರು ಮಾಡಿದ ‘ಮತದಾನ’ಕ್ಕೆ ಕನ್ನಡದ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಬಂತು. ಇಂಥವು ಇನ್ನೂ ನಾಲ್ಕು ಬರಬೇಕಿತ್ತು ಅನ್ನಿಸುವುದು ಸಹಜ.

ನನಗೆ ನಿಜಕ್ಕೂ ಇಕ್ಕಟ್ಟಾಗುವುದು ಅವರ ನಟನೆಯ ವಿಷಯದಲ್ಲಿ. ತಾನೇ ಬರೆದ ಮಾತನ್ನು ತಾನೇ ಆಡುವಾಗ ಎಲ್ಲಿ ತಡೆಯಬೇಕು, ಎಲ್ಲಿ ದನಿ ತಗ್ಗಿಸಬೇಕು ಎಂಬುದನ್ನು ಯಾರೂ ಹೇಳಿಕೊಡಬೇಕಿಲ್ಲ. ಸ್ವತಃ ಕಾನೂನು ಓದಿದವರಾದ್ದರಿಂದ ಕೋರ್ಟಿನ ದೃಶ್ಯಗಳಿಗೆ ಬಿಗಿ ಬಂತು. ಆದರೆ ಬರೆದವನೇ ವಕೀಲನಾಗಿ ನಿಂತರೆ ಎದುರಾಳಿಯ ವಾದ ಅಷ್ಟೇ ಬಲವಾಗಿ ಬರುವುದು ಕಷ್ಟ. ನೋಡುವವನಿಗೆ ಯಾರು ಗೆಲ್ಲುತ್ತಾರೆಂಬುದು ಮೊದಲೇ ಗೊತ್ತಿರುತ್ತದೆ. 1976ರಲ್ಲಿ ಲಂಕೇಶರ ‘ಪಲ್ಲವಿ’ ಚಿತ್ರದಲ್ಲಿ ಅವರು ನಾಯಕನಾದಾಗ ಪಾತ್ರದ ಸರಿತಪ್ಪು ತೂಗುವ ಕಣ್ಣು ಬೇರೆಯವರದಿತ್ತು. ಸಿ.ಎಸ್.ಪಿ.ಗೂ ಅಂಥದೊಂದು ಕಣ್ಣು ಸಿಕ್ಕಿದ್ದರೆ ಆ ವಕೀಲ ಒಮ್ಮೊಮ್ಮೆ ಸೋಲುತ್ತಿದ್ದ, ಆ ಸೋಲಿನಲ್ಲಿ ‘ಆಸ್ಫೋಟ’ದ ನಾಟಕಕಾರ ಮತ್ತೆ ಕಾಣಿಸುತ್ತಿದ್ದ.