ಬಡತಿಯ ವಿಳಂಬವೂ ನೌಕರನ ಮೌನವೂ

ನ್ಯಾಯ ಹೇಳುವವರೇ ತಮ್ಮ ಬಡತಿಗಾಗಿ ನ್ಯಾಯಾಲಯದ ಮೆಟ್ಟಿಲೇರಿದ ಪ್ರಸಂಗವು ಗುಜರಾತದಲ್ಲಿ ಘಟಿಸಿ ಬಹಳ ಕಾಲವಾಗಿಲ್ಲ. 2023ರಲ್ಲಿ ಈ ರಾಜ್ಯದ 68 ಮಂದಿ ಹಿರಿಯ ಸಿವಿಲ್ ನ್ಯಾಯಾಧೀಶರಿಗೆ ಜಿಲ್ಲಾ ನ್ಯಾಯಾಧೀಶರ ವರ್ಗಕ್ಕೆ ಬಡತಿ ದೊರೆಯಿತು. ಸೂರತಿನ ಮುಖ್ಯ ನ್ಯಾಯಿಕ ದಂಡಾಧಿಕಾರಿಯೂ ಆ ಪಟ್ಟಿಯಲ್ಲಿದ್ದರು. ಪರೀಕ್ಷೆಯಲ್ಲಿ 200ಕ್ಕೆ 135.5 ಹಾಗೂ 148.5 ಅಂಕಗಳನ್ನು ಗಳಿಸಿಯೂ ಹೊರಗುಳಿದ ಇಬ್ಬರು ಅಧಿಕಾರಿಗಳು, ತಮಗಿಂತ ಕಡಿಮೆ ಅಂಕದವರು ಹಿರಿತನದ ಬಲದಿಂದ ಮುಂದೆ ಹೋದರೆಂದು ಸುಪ್ರೀಂ ಕೋರ್ಟಿಗೆ ದೂರಿತ್ತರು. 2023ರ ಮೇ ತಿಂಗಳಲ್ಲಿ ತಡೆಯಾಜ್ಞೆಯಾಯಿತು. 2024ರ ಮೇ 17ರಂದು ಅಂತಿಮ ತೀರ್ಪು ಬಂದಾಗ ಬಡತಿಗಳು ಊರ್ಜಿತವಾಗಿ, ಅರ್ಜಿಯು ವಜಾ ಆಯಿತು.

ಆ ತೀರ್ಪಿನ ಸಾರವನ್ನು ನಮ್ಮ ಗುಮಾಸ್ತ ಬಂಧುಗಳು ಮನನ ಮಾಡತಕ್ಕದ್ದು. ಬಡತಿಯೆಂಬುದು ಯಾವ ನೌಕರನಿಗೂ ಹಕ್ಕಾಗಿ ಸಲ್ಲುವಂಥದಲ್ಲ. ಅದರ ನಿಯಮಗಳನ್ನು ಗೊತ್ತುಪಡಿಸುವ ಅಧಿಕಾರವು ಸರಕಾರದ್ದು ಮತ್ತು ಶಾಸನ ಸಭೆಯದು. ಸಂವಿಧಾನದ 16ನೆಯ ಅನುಚ್ಛೇದವು ಕೊಟ್ಟ ಸಮಾನತೆಗೆ ಭಂಗ ಬಂದಾಗ ಮಾತ್ರ ನ್ಯಾಯಾಲಯವು ಕೈಹಾಕುವುದು. ಹಾಗಾದರೆ ನೌಕರನಿಗೆ ಉಳಿದುದೇನು? ತನ್ನ ಸರದಿ ಬಂದಾಗ ತನ್ನ ಹೆಸರನ್ನು ನ್ಯಾಯವಾಗಿ ಪರಿಶೀಲಿಸಬೇಕೆಂದು ಕೇಳುವ ಹಕ್ಕು. ಇದು ಮೂಲಭೂತ ಹಕ್ಕೆಂದು 1999ರ ಅಜಿತ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿದೆ.

ಈ ಭೇದವು ನಮ್ಮ ನಾಡಿನ ಮೊಕದ್ದಮೆಯೊಂದರಲ್ಲಿ ಬಹಳ ಹಿಂದೆಯೇ ತಿಳಿಯಾಗಿತ್ತು. 1956ರ ನವೆಂಬರ್ 1ರಂದು ಮೈಸೂರು, ಮುಂಬಯಿ, ಹೈದರಾಬಾದು, ಮದ್ರಾಸು, ಕೊಡಗು ಈ ಐದು ಕಡೆಯ ನೌಕರರು ಒಂದೇ ಸರಕಾರದಡಿ ಕೂಡಿದಾಗ, ಯಾರು ಹಿರಿಯರು, ಯಾರು ಕಿರಿಯರು ಎಂಬ ತಕರಾರು ವರ್ಷಗಟ್ಟಲೆ ನಡೆಯಿತು. ನೌಕರಿಯ ನಿಯಮಗಳೂ ಹೊಸದಾಗಿ ರಚಿತವಾದವು. 1959ರಲ್ಲಿ ಮೈಸೂರಿನ ಅಂಕಿಅಂಶಗಳ ಇಲಾಖೆಯಲ್ಲಿ ಬಡತಿ ಕೊಡುವಾಗ, ಹಿರಿಯರಾದ ಕೆಲವರ ಹೆಸರನ್ನು ಪರಿಶೀಲಿಸದೆ ಕಿರಿಯರನ್ನು ಮೇಲೇರಿಸಲಾಯಿತು. ಹಾಯಿಕೋರ್ಟು ಅವರಿಗೆ ಬಡತಿ ಕೊಡಿರೆಂದೇ ಆಜ್ಞಾಪಿಸಿತು. ಸಯ್ಯದ್ ಮಹಮೂದ್ ಪ್ರಕರಣವೆಂದು ಹೆಸರಾದ ಇದರಲ್ಲಿ ಸುಪ್ರೀಂ ಕೋರ್ಟು 1968ರಲ್ಲಿ ಆ ಆಜ್ಞೆಯನ್ನು ತಿದ್ದಿ, ಬಡತಿ ಕೊಡುವುದು ಸರಕಾರದ ಕೆಲಸ, ಆದರೆ ಹಿರಿತನವನ್ನೂ ಅರ್ಹತೆಯನ್ನೂ ನೋಡಿ ಆ ಹಿಂದಿನ ದಿನಾಂಕದಿಂದಲೇ ಇವರ ಹೆಸರನ್ನು ಪುನಃ ಪರಿಶೀಲಿಸುವುದು ಸರಕಾರದ ಕರ್ತವ್ಯ ಎಂದಿತು.

ಹೋಟೆಲಿನಲ್ಲಿ ಲೋಟ ತೊಳೆಯಲು ಸೇರಿದ ಹುಡುಗನು ಮಾಣಿಯಾಗಿ, ಮುಂದೆ ಗಲ್ಲೆಯ ಮೇಲೆ ಕೂಡ್ರುವುದು ಧಣಿಯ ಒಂದು ಮಾತಿನಿಂದ ಆಗಬಹುದು. ಕಚೇರಿಯಲ್ಲಿ ಹಾಗಲ್ಲ. ಹಿರಿತನದ ಪಟ್ಟಿ ತಯಾರಾಗಬೇಕು, ಆಕ್ಷೇಪಣೆಗಳು ತೀರಬೇಕು, ಬಡತಿ ಸಮಿತಿ ಸೇರಬೇಕು. ಈ ಮೂರರಲ್ಲಿ ಒಂದು ನಿಂತರೂ ಎಲ್ಲವೂ ನಿಲ್ಲುತ್ತದೆ. ಖಾಲಿಯಾಗಲಿರುವ ಸ್ಥಾನಗಳಿಗೆ ಮುಂಚಿತವಾಗಿಯೇ ಹೆಸರುಗಳು ಸಿದ್ಧವಿರಲೆಂದು ಕೇಂದ್ರ ಸರಕಾರವು 1998ರಲ್ಲಿ ಸಮಿತಿಗಳಿಗೆ ಮಾದರಿ ವೇಳಾಪಟ್ಟಿಯನ್ನೇ ಹಾಕಿಕೊಟ್ಟಿದೆ. ಪಟ್ಟಿಯು ಕಾಗದದಲ್ಲಿ ಉಳಿದರೆ ನಷ್ಟವು ನೌಕರನದು: ಸಂಬಳದಲ್ಲಿ ಮೊದಲು, ಪಿಂಚಣಿಯಲ್ಲಿ ಕಡೆಯತನಕ.

ಇಷ್ಟಾಗಿಯೂ ನೌಕರನ ಕೇಸು ಕೆಡುವುದು ಬಹುಮಟ್ಟಿಗೆ ಅವನ ಸ್ವಂತ ತಡದಿಂದ. 1957ರಲ್ಲಿ ಕಿರಿಯನೊಬ್ಬನು ಮುಂದೆ ಹೋದುದನ್ನು 1971ರಲ್ಲಿ ಪ್ರಶ್ನಿಸಿದ ತಮಿಳುನಾಡಿನ ಸದಾಶಿವಸ್ವಾಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1974ರಲ್ಲಿ ಅರ್ಜಿಯನ್ನು ತಳ್ಳಿಹಾಕಿ, ಅಂಥವನು ಆರು ತಿಂಗಳೊಳಗೆ, ಹೆಚ್ಚೆಂದರೆ ಒಂದು ವರ್ಷದೊಳಗೆ ಬರಬೇಕೆಂದಿತು. ಮೇಲಿಂದ ಮೇಲೆ ವಿನಂತಿಪತ್ರ ಬರೆಯುತ್ತ ಹೋದರೆ ಅವಧಿಯು ಬೆಳೆಯುವುದಿಲ್ಲವೆಂದು 1989ರಲ್ಲಿಯೂ 2008ರಲ್ಲಿಯೂ ಅದೇ ನ್ಯಾಯಾಲಯವು ಹೇಳಿದೆ. ಸಾಹೇಬರು ಒಳ್ಳೆಯವರು, ಬರುವ ವರ್ಷ ನೋಡೋಣವೆಂದರು ಎಂದು ನಂಬಿ ಕುಳಿತವನ ಗತಿ ಇದು. ಪರಸ್ಥಳದಲ್ಲಿ ನೌಕರಿ ಮಾಡುವ ನಮ್ಮವರಲ್ಲಿ ಈ ಸಂಕೋಚವು ಸ್ವಲ್ಪ ಹೆಚ್ಚೇ ಎನ್ನಬೇಕು.

ಕೇಂದ್ರ ನೌಕರರ ದಾರಿ ನೇರವಾಗಿದೆ. ವಡೋದರಾದ ರೇಲ್ವೆ ವಿಭಾಗದವರಾಗಲಿ, ಸೂರತಿನ ಆದಾಯ ತೆರಿಗೆ ಕಚೇರಿಯವರಾಗಲಿ, ಅಂಚೆಯವರಾಗಲಿ ಅಹಮದಾಬಾದಿನಲ್ಲಿರುವ ಕೇಂದ್ರ ಆಡಳಿತ ನ್ಯಾಯಮಂಡಲಿಯ ಪೀಠಕ್ಕೆ ಅರ್ಜಿ ಹಾಕಬಹುದು. 1985ರ ಕಾಯಿದೆಯ ಪ್ರಕಾರ, ಇಲಾಖೆಯ ಅಂತಿಮ ಆಜ್ಞೆಯಿಂದ ಒಂದು ವರ್ಷದ ಅವಧಿ. ಮನವಿಗೆ ಆರು ತಿಂಗಳು ಉತ್ತರವೇ ಬಾರದಿದ್ದರೆ, ಆ ಆರು ತಿಂಗಳು ಮುಗಿದಂದಿನಿಂದ ಒಂದು ವರ್ಷ. ನ್ಯಾಯಮಂಡಲಿಯ ತೀರ್ಪಿನ ಮೇಲೆ ಹಾಯಿಕೋರ್ಟಿಗೆ ಹೋಗುವ ಅವಕಾಶವನ್ನು 1997ರ ಚಂದ್ರಕುಮಾರ್ ತೀರ್ಪು ತೆರೆದಿಟ್ಟಿದೆ.

ಇಲಾಖಾ ವಿಚಾರಣೆಯ ನೆವದಿಂದ ಬಡತಿಯನ್ನು ಮೊಹರು ಹಾಕಿದ ಲಕೋಟೆಯಲ್ಲಿಟ್ಟು ಕಾಯಿಸುವ ಪದ್ಧತಿಗೂ ಮಿತಿಯಿದೆ. ಆರೋಪಪತ್ರವನ್ನು ಕೊಡದೆ, ಬರಿಯ ತನಿಖೆ ನಡೆದಿದೆಯೆಂದು ಹಾಗೆ ಮಾಡಲಾಗದೆಂದು 1991ರ ಜಾನಕಿರಾಮನ್ ತೀರ್ಪು ಹೇಳುತ್ತದೆ. ಪೂರ್ಣ ನಿರ್ದೋಷಿಯೆಂದು ಹೊರಬಂದವನನ್ನು, ಕೆಲಸ ಮಾಡಲಿಲ್ಲ, ಸಂಬಳವಿಲ್ಲ ಎಂಬ ಮಾತಿನಿಂದ ಸಾಮಾನ್ಯವಾಗಿ ಕಳುಹಿಸುವಂತಿಲ್ಲ. ಕೆಲಸದಿಂದ ದೂರವಿಟ್ಟವರು ಅಧಿಕಾರಿಗಳೇ ಅಲ್ಲವೆ?

ಸರಕಾರದ ತಡಕ್ಕೆ ಸಮಿತಿಯ ಸಭೆ, ಕಡತದ ಸಂಚಾರ ಎಂದು ನೂರು ಕಾರಣಗಳು ಒಪ್ಪಿತವಾಗುತ್ತವೆ. ನೌಕರನ ತಡಕ್ಕೆ ಒಂದೂ ಒಪ್ಪಿತವಾಗುವುದು ಕಷ್ಟ. ಇದು ಸಮತೋಲದ ನ್ಯಾಯವೆಂದು ನಾವು ಹೇಳಲಾರೆವು. ವೇಳೆಗೆ ಸಮಿತಿಯನ್ನು ಸೇರಿಸದ ಅಧಿಕಾರಿಯು ಅದಕ್ಕೆ ಲಿಖಿತ ಕಾರಣವನ್ನು ಕೊಡಬೇಕೆಂಬ ಕಟ್ಟಳೆಯಾದರೂ ಬರಬೇಕು. ಅಲ್ಲಿಯವರೆಗೆ ಹಿರಿತನದ ಪಟ್ಟಿ ಹೊರಬಿದ್ದ ದಿನವೇ ಅದನ್ನು ಓದುವುದು, ತಪ್ಪಿದ್ದರೆ ಅವಧಿಯೊಳಗೆ ಬರೆದುಕೊಡುವುದು, ಕೊಟ್ಟುದಕ್ಕೆ ರಶೀದಿಯನ್ನು ಪಡೆದು ಜೋಪಾನವಾಗಿಡುವುದು ಪ್ರತಿಯೊಬ್ಬ ಗುಮಾಸ್ತನ ಕೆಲಸವಾಗಿದೆ. ಹೋಟೆಲಿನ ದುಡಿಮೆಯಿಂದ ಮಗನನ್ನೋ ತಮ್ಮನನ್ನೋ ಓದಿಸಿ ಸರಕಾರಿ ಕುರ್ಚಿಗೆ ಕಳುಹಿಸಿದ ಹಿರಿಯರೂ, ಅವರು ಊರಿಗೆ ಬಂದಾಗ ಈ ಮಾತನ್ನು ಒಮ್ಮೆ ಕೇಳಿ ನೋಡುವುದು ಒಳ್ಳೆಯದು.