ಅಧಿಕಾರವನ್ನು ಊರಿಗೆ ತಂದ ವಕೀಲರು

ವಕೀಲಿ ಓದಿದವರು ರಾಜಕಾರಣಕ್ಕೆ ಬರುವುದು ನಮ್ಮ ದೇಶದಲ್ಲಿ ಹೊಸತೇನಲ್ಲ. ನ್ಯಾಯಾಲಯದಿಂದ ನಗರಸಭೆಗೂ ಶಾಸನಸಭೆಗೂ ನಡೆದುಹೋದವರು ಎಷ್ಟೋ ಮಂದಿ. ಅವರಲ್ಲಿ ಹಲವರ ಹೆಸರು ಬೀದಿಗಳಿಗೆ ಉಳಿದಿದೆ. ತಾವು ತಂದ ಒಂದು ಕಾಯಿದೆಯಿಂದ ನೆನಪಿನಲ್ಲಿ ಉಳಿದವರು ವಿರಳ. ಸಿದ್ದಾಪುರ ತಾಲೂಕಿನ ದೊಡ್ಮನೆಯ ರಾಮಕೃಷ್ಣ ಹೆಗಡೆಯವರು ಅಂಥವರಲ್ಲೊಬ್ಬರು.

ಶಿರಸಿ, ಸಿದ್ದಾಪುರ, ಯಲ್ಲಾಪುರಗಳೆಂದರೆ ಘಟ್ಟದ ಮೇಲಿನ ಅಡಿಕೆ ತೋಟಗಳ ಸೀಮೆ. ಅಲ್ಲಿ ಮನೆಗೂ ಮನೆಗೂ ನಡುವೆ ಕಾಡು. ಊರಿಗೂ ಸರಕಾರಕ್ಕೂ ನಡುವೆ ಅದಕ್ಕಿಂತ ದೊಡ್ಡ ಅಂತರ. ಜಿಲ್ಲಾ ಕಚೇರಿ ಘಟ್ಟವಿಳಿದರೆ ಸಿಗುವ ಕಾರವಾರದಲ್ಲಿ. 1956ರವರೆಗೆ ರಾಜಧಾನಿ ದೂರದ ಮುಂಬಯಿಯಲ್ಲಿ. 1930ರ ದಶಕದ ಆರಂಭದಲ್ಲಿ ಸಿದ್ದಾಪುರದ ರೈತರು ಕರನಿರಾಕರಣೆ ಮಾಡಿ ಭೂಮಿ ಕಳೆದುಕೊಂಡಾಗ, 1926ರಲ್ಲಿ ಹುಟ್ಟಿದ ಹೆಗಡೆಯವರು ಇನ್ನೂ ಎಳೆಯ ಬಾಲಕ. 1942ರ ಚಳವಳಿ ಅವರನ್ನೂ ಸೆರೆಮನೆಗೆ ಕಳುಹಿಸಿತು. ಬಳಿಕ ಕಾಶಿ ವಿದ್ಯಾಪೀಠದ ವ್ಯಾಸಂಗ, ಲಖನೌದಲ್ಲಿ ಕಾನೂನು ಪದವಿ, ವಕೀಲಿ ವೃತ್ತಿ. ಏಕೀಕರಣದ ಮರುವರ್ಷ, 1957ರಲ್ಲಿ, ಶಿರಸಿಯಿಂದ ವಿಧಾನಸಭೆಗೆ ಆಯ್ಕೆಯಾದರು.

ಮುಂದೆ ಅರ್ಥಸಚಿವರಾಗಿ, ಮುಖ್ಯಮಂತ್ರಿಯಾಗಿ ಅವರು ಒಟ್ಟು 13 ಮುಂಗಡಪತ್ರಗಳನ್ನು ಮಂಡಿಸಿದರು. ಆ ದಾಖಲೆ 2023ರವರೆಗೆ ಅಳಿಯಲಿಲ್ಲ. ಆದರೆ ಅವರ ನಿಜವಾದ ಆಸ್ತಿ ಬೇರೆಯೇ. 1983ರ ಜನವರಿಯಲ್ಲಿ ಕರ್ನಾಟಕದ ಮೊದಲ ಕಾಂಗ್ರೆಸ್ಸೇತರ ಮುಖ್ಯಮಂತ್ರಿಯಾದ ಹೆಗಡೆಯವರು, ಸಚಿವ ಅಬ್ದುಲ್ ನಜೀರ್ ಸಾಬರೊಡಗೂಡಿ ಜಿಲ್ಲಾ ಪರಿಷತ್ತು ಹಾಗೂ ಮಂಡಲ ಪಂಚಾಯತಿಗಳ ಕಾಯಿದೆಯನ್ನು ರೂಪಿಸಿದರು. ರಾಷ್ಟ್ರಪತಿಗಳ ಅಂಕಿತ ದೊರೆತದ್ದು 1985ರಲ್ಲಿ. ಚುನಾವಣೆ ನಡೆದದ್ದು 1987ರಲ್ಲಿ. ಅದರಲ್ಲಿ ನೂರಕ್ಕೆ 25 ಸ್ಥಾನಗಳು ಸ್ತ್ರೀಯರಿಗೆ ಮೀಸಲು. ಜಿಲ್ಲಾ ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ಸ್ಥಾನಮಾನ. ಕೈಯಲ್ಲಿದ್ದ ಅಧಿಕಾರವನ್ನು ತಾನಾಗಿ ಹಂಚಿಕೊಡುವ ಅರಸು ಯಾವ ಕಾಲದಲ್ಲೂ ಅಪರೂಪವೇ ಅಲ್ಲವೆ?

ಆದರೂ ದೀಪದ ಬುಡದಲ್ಲಿ ಕತ್ತಲೆಯುಂಟು. ರಾಜಕಾರಣಿಗಳ ದೂರವಾಣಿ ಮಾತುಗಳನ್ನು ಸರಕಾರವೇ ಕದ್ದಾಲಿಸಿತೆಂಬ ಆಪಾದನೆ ಎದ್ದು, 1988ರ ಆಗಸ್ಟಿನಲ್ಲಿ ಹೆಗಡೆಯವರು ರಾಜೀನಾಮೆ ಇತ್ತರು. ಮೌಲ್ಯಾಧಾರಿತ ರಾಜಕಾರಣದ ಮಾತನ್ನು ಮನೆಮಾತಾಗಿಸಿದವರು ಅದೇ ಮೌಲ್ಯದ ಪ್ರಶ್ನೆಯೆದುರು ಕುರ್ಚಿ ಬಿಟ್ಟಿಳಿಯಬೇಕಾಯಿತು. ಮುಂದೆ ದೆಹಲಿಯಲ್ಲಿ ಕೇಂದ್ರ ವಾಣಿಜ್ಯ ಸಚಿವರಾದರೂ ರಾಜ್ಯದ ಚುಕ್ಕಾಣಿ ಮತ್ತೆ ಅವರ ಕೈಸೇರಲಿಲ್ಲ. 2004ರ ಜನವರಿ 12ರಂದು ಅವರು ತೀರಿಕೊಂಡರು.

ವ್ಯಕ್ತಿ ಎಡವಿದರೂ ಅವನು ತಂದ ಒಳ್ಳೆಯ ಕಾನೂನು ಎಡವಬೇಕೆಂದಿಲ್ಲ. 1993ರಲ್ಲಿ ಜಾರಿಗೆ ಬಂದ ಸಂವಿಧಾನದ 73ನೆಯ ತಿದ್ದುಪಡಿ ಪಂಚಾಯತಿಗಳಿಗೆ ದೇಶದಾದ್ಯಂತ ಭದ್ರ ನೆಲೆ ಒದಗಿಸಿತು. ಕರ್ನಾಟಕವು 2010ರಲ್ಲಿ ಸ್ತ್ರೀಯರ ಪಾಲನ್ನು ಅರ್ಧಕ್ಕೇರಿಸಿತು. ಇಂದು ತೋಟದ ಹಾದಿಯ ಕಾಲುಸಂಕ ಕೊಚ್ಚಿಹೋದರೆ ಸಿದ್ದಾಪುರದ ಗೃಹಿಣಿ ಅರ್ಜಿ ಹಿಡಿದು ಘಟ್ಟವಿಳಿಯಬೇಕಾಗಿಲ್ಲ. ಪಂಚಾಯತಿಯ ಅಧ್ಯಕ್ಷ ಪೀಠದಲ್ಲಿ ನೆರೆಮನೆಯ ಹೆಣ್ಣುಮಗಳೇ ಕುಳಿತಿರಬಹುದು. ಕೆಲಸ ಆಗದಿದ್ದರೆ ಕಾರಣ ಕೇಳುವ ಹಕ್ಕೂ ಅವಳಿಗುಂಟು.